ಬಿಸಿಲೇರಿದ ಮೇಲೆ ಪರವಾನಗಿ

ಕಾಡಿನ ಅಬಕಾರಿ ಅಧಿಕಾರಿ ಉಡ. ಮೈಗೆ ಬಿಸಿಲು ತಾಗದೆ ಅದು ಅಲುಗುತ್ತಿರಲಿಲ್ಲ. ಒಂದು ಮುಂಜಾನೆ ಅಳಿಲು ಈಚಲು ಮರದಿಂದ ಆಗತಾನೇ ಇಳಿಸಿದ ಸಿಹಿ ನೀರಾ ತಂದು, "ಮಾರಲು ಪರವಾನಗಿ ಕೊಡಿ ಸ್ವಾಮಿ, ನಮ್ಮ ಹೊಟ್ಟೆಪಾಡು ಇದೇ. ಬಿಸಿಲೇರಿದರೆ ಹುಳಿಯುತ್ತದೆ, ಈಗಲೇ ರುಚಿ ನೋಡಿ" ಎಂದಿತು.

"ಬಿಸಿಲೇರಲಿ, ನೋಡೋಣ" ಎಂದಿತು ಉಡ.

ಬಿಸಿಲೇರಿತು, ನೀರಾ ಹುಳಿಯಿತು. ಉಡ ಈಗ ನಾಲಗೆ ಚಾಚಿ, "ಇದು ಹೆಂಡ. ನಿನ್ನ ಮರ ಮುಟ್ಟುಗೋಲು" ಎಂದು ಗದರಿತು.

"ನಾನು ತಂದದ್ದು ನೀರಾ. ಹೆಂಡವಾದದ್ದು ನಿಮ್ಮ ಕಚೇರಿಯಲ್ಲಿ, ನಿಮ್ಮ ಕಣ್ಣೆದುರು. ಮೊದಲು ನಿಮ್ಮ ಪರವಾನಗಿ ತೋರಿಸಿ" ಎಂದ ಅಳಿಲು ಕುಡಿಕೆಯನ್ನು ಅಲ್ಲೇ ಬಿಟ್ಟು ಹೊರಟಿತು. "ನಾಳೆ ಸೂರ್ಯ ಹುಟ್ಟುವ ಮೊದಲು ಮರದಡಿ ಮಾರುತ್ತಿರುತ್ತೇನೆ. ಹಿಡಿಯುವುದಾದರೆ ಆಗಲೇ ಬನ್ನಿ."