ಎಬ್ಬಿಸಿದಮ್ಮನ ಗುಡ್ಡ

ತೊರೆಸಾಲದಿಂದ ಮೂಡಲಿಗೆ ಹೊರಟರೆ ಎರೆಹೊಲಗಳ ನಡುವೆ ಒಂಟಿಯಾಗಿ ನಿಂತ ಕಲ್ಲುಗುಡ್ಡವೊಂದು ಕಣ್ಣಿಗೆ ಬೀಳುತ್ತದೆ. ಮೇಲೆ ಮರವಿಲ್ಲ, ನೀರಿಲ್ಲ, ಹೇಳಿಕೊಳ್ಳುವಂಥ ಗುಡಿಯೂ ಇಲ್ಲ. ಆದರೂ ಹತ್ತಿ ಹೋದವರು ಬೆರಗಾಗದೆ ಇಳಿದದ್ದಿಲ್ಲ. ನೆತ್ತಿಯ ಬಂಡೆಯ ತುಂಬ, ತಲೆದಿಂಬಿನ ಸಮೇತ ಕೊರೆದ ಕಲ್ಲುಹಾಸಿಗೆಗಳು ಸಾಲುಸಾಲಾಗಿವೆ. ನಟ್ಟನಡುವಿನ ಒಂದು ಹಾಸಿಗೆಯ ಸುತ್ತ ಮಾತ್ರ ಕೂರುವ ಕಲ್ಲುಗಳನ್ನು ಬಳೆಯಂತೆ ಜೋಡಿಸಿದ್ದಾರೆ. ಎಲ್ಲವೂ ಆ ಹಾಸಿಗೆಗೇ ಮುಖ ಮಾಡಿವೆ. ಇದು ರಾಜರು ಗಾಳಿಗೆ ಮಲಗುತ್ತಿದ್ದ ಜಾಗವೆಂದು ಕೆಲವರು, ರೋಗಿಗಳನ್ನು ಮಲಗಿಸುತ್ತಿದ್ದರೆಂದು ಕೆಲವರು ಬಾಯಿಗೆ ಬಂದದ್ದು ಹೇಳುವುದುಂಟು. ತೊರೆಸಾಲದ ಹಿರಿಯರು ಅದನ್ನೆಲ್ಲ ಕೇಳಿಸಿಕೊಂಡು, ಸಾವಕಾಶವಾಗಿ ಎಲೆಅಡಿಕೆ ಬಾಯಿಗಿಟ್ಟು, ಆಮೇಲೆ ನಿಜವಾದ ಸಂಗತಿ ತೆಗೆಯುತ್ತಾರೆ.

ಹಿಂದೆ ಒಮ್ಮೆ ಆ ಗುಡ್ಡದ ಮೇಲೆ ಕನಸಿನ ಘಟಿಕಾಸ್ಥಾನವಿತ್ತು ಎನ್ನುತ್ತಾರೆ. ಆ ಕಾಲದ ದೊಡ್ಡ ವಿದ್ಯಾಪೀಠಗಳಿಗೆ ಘಟಿಕಾಸ್ಥಾನವೆಂದು ಹೆಸರು. ಉಳಿದ ಕಡೆ ವ್ಯಾಕರಣ, ತರ್ಕ ಓದಿಸಿದರೆ ಇಲ್ಲಿ ಓದಿಸುತ್ತಿದ್ದುದು ಕನಸು. ಉಳಿದ ಕಡೆ ಪಾಠದ ಹೊತ್ತಿಗೆ ತೂಕಡಿಸಿದವರಿಗೆ ಏಟು ಬೀಳುತ್ತಿತ್ತು, ಇಲ್ಲಿ ಕಣ್ಣು ಬಿಟ್ಟುಕೊಂಡು ಕೂತವರಿಗೆ. ಮಧ್ಯಾಹ್ನದ ಊಟವಾದೊಡನೆ ಪಾಠ ಶುರು. ಕನಸಿನಲ್ಲಿ ಕಿತ್ತ ಹೂವನ್ನು ಮುಷ್ಟಿಯಲ್ಲಿ ಹಿಡಿದೇ ಏಳುವುದನ್ನು ಹೊಸಬರಿಗೆ ಕಲಿಸುತ್ತಿದ್ದರು. ವಿದ್ಯೆಯಲ್ಲಿ ಬಲಿತವರು ಒಬ್ಬರ ಕನಸಿನಿಂದ ಇನ್ನೊಬ್ಬರ ಕನಸಿಗೆ ನೆರೆಮನೆಗೆ ಹೋದಷ್ಟು ಸಲೀಸಾಗಿ ಹೋಗಿಬರುತ್ತಿದ್ದರು. ಆದರೆ ಒಂದು ಕಟ್ಟಳೆ ಎಲ್ಲರಿಗೂ ಇತ್ತು. ಮಲಗುವ ಮುನ್ನ ಪಕ್ಕದಲ್ಲಿದ್ದವರು ‘ಎದ್ದು ಏನ್ ಮಾಡ್ತಿ?’ ಎಂದು ಕೇಳಬೇಕು, ಮಲಗುವವರು ಬಾಕಿ ಉಳಿದ ಒಂದು ಕೆಲಸ ಹೇಳಬೇಕು. ಆ ಕೆಲಸದ ನೆನಪೇ ಅವರನ್ನು ಕನಸಿನಿಂದ ಹೊರಕ್ಕೆ ಎಳೆದು ತರುತ್ತಿತ್ತು.

ಅಲ್ಲಿ ಓದಲು ಬಂದವರಲ್ಲಿ ಸೋವಬ್ಬೆ ಎಂಬ ನೇಕಾರರ ಮನೆಯ ಹೆಣ್ಣುಮಗಳೊಬ್ಬಳಿದ್ದಳು. ಕಾಯಿಲೆ ಬಿದ್ದ ತಾಯಿಯ ಪಕ್ಕ ನಿದ್ದೆಗೆಟ್ಟು ಕೂತವಳು ಅವಳು; ಒಂದು ಗಳಿಗೆ ಕಣ್ಣು ಮುಚ್ಚಿದಾಗಲೇ ತಾಯಿಯ ಪ್ರಾಣ ಹೋಗಿತ್ತು. ಅಂದಿನಿಂದ ಅವಳು ಮಲಗಿದರೂ ಅವಳ ಕಿವಿ ಮಲಗುತ್ತಿರಲಿಲ್ಲ. ತರಗೆಲೆ ಸರಿದರೂ ಎಚ್ಚರ. ಅಂಥ ನಿದ್ದೆಗೆ ಕನಸು ಎಲ್ಲಿಂದ ಬರಬೇಕು? ತಾಯಿಯ ಮುಖ ದಿನದಿನಕ್ಕೆ ಮಸುಕಾಗುತ್ತಿತ್ತು. ಅದನ್ನು ಒಂದೇ ಒಂದು ಸಲ ಕನಸಿನಲ್ಲಿ ಕಾಣಬೇಕೆಂದೇ ಅವಳು ಗುಡ್ಡ ಹತ್ತಿದ್ದಳು. ವರ್ಷಗಳು ಕಳೆದರೂ ಮುಷ್ಟಿ ಬರಿದು. ಕೊನೆಗೆ ಘಟಿಕಾಸ್ಥಾನದ ಹಿರಿಯರಾದ ಗಂಗರಾಶಿ ಪಂಡಿತರು, ನಾಳೆ ಬೆಳಗ್ಗೆ ಗಂಟು ಕಟ್ಟಿಕೊಂಡು ಬಾ, ಬೀಳ್ಕೊಡುತ್ತೇನೆ ಎಂದುಬಿಟ್ಟರು. ಕೆಟ್ಟವರಲ್ಲ, ಆದರೆ ಕಟ್ಟಳೆಯ ಮನುಷ್ಯ.

ಅದೇ ದಿನ ಗುಡ್ಡದ ಮೇಲೆ ಎಲ್ಲಿಲ್ಲದ ಸಂಭ್ರಮ. ಬಹುಕಾಲದಿಂದ ಎಲ್ಲರೂ ಒಂದೇ ಕನಸಿನೊಳಗೆ ಸೇರಿ ಒಂದು ಊರು ಕಟ್ಟುತ್ತ ಬಂದಿದ್ದರು. ಅದರಲ್ಲಿ ಕೊನೆಗೆ ಉಳಿದಿದ್ದ ಹೆಬ್ಬಾಗಿಲು ಅಂದು ನಿಲ್ಲುವುದಿತ್ತು. ಕನಸು ಬೀಳದ ಸೋವಬ್ಬೆಯೊಬ್ಬಳನ್ನು ಕಾವಲಿಗೆ ಬಿಟ್ಟು ಉಳಿದವರೆಲ್ಲ ಹಾಸಿಗೆ ಸೇರಿದರು. ಅವಳು ವಾಡಿಕೆಯ ಪ್ರಶ್ನೆ ಕೇಳಿದಾಗ ಪಂಡಿತರು ನಕ್ಕು, ಇಂಥ ಊರು ಮುಗಿದ ಮೇಲೆ ಇನ್ನೇನು ಕೆಲಸ ಉಳಿದೀತು ಎಂದರು. ಗುರುವೇ ನಕ್ಕ ಮೇಲೆ ಶಿಷ್ಯರು ಹಿಂದೆ ಬಿದ್ದಾರೆಯೇ? ಎಲ್ಲರೂ ನಕ್ಕರು, ಯಾರೂ ಉತ್ತರ ಕೊಡದೆ ಮಲಗಿದರು.

ಏಳುವ ಹೊತ್ತು ಮೀರಿತು. ಸೋವಬ್ಬೆ ಹತ್ತಿರ ಹೋಗಿ ನೋಡಿದರೆ, ಮಲಗಿದವರ ಪಾದಗಳು ಬಂಡೆಯ ಬಣ್ಣಕ್ಕೆ ತಿರುಗಿದ್ದವು; ಮುಟ್ಟಿದರೆ ಕಲ್ಲು. ಗಂಟೆ ಬಾರಿಸಿದಳು, ಕೊಡಗಟ್ಟಲೆ ನೀರು ಸುರಿದಳು. ಕಲ್ಲು ಮೊಣಕಾಲಿಗೆ ಏರಿತು. ಹೊತ್ತು ಮುಳುಗುವುದರೊಳಗೆ ಕನಸು ಒಡೆಯದಿದ್ದರೆ ಮಲಗಿದವರು ಹಾಸಿಗೆಯ ಪಾಲು ಎಂಬುದು ಗುಡ್ಡದಲ್ಲಿ ಎಲ್ಲರಿಗೂ ಗೊತ್ತಿದ್ದ ಮಾತು. ಅವಳಿಗೆ ಸಿಟ್ಟೂ ಬಂತು, ಅಳುವೂ ಬಂತು. ತಾನು ಕಾವಲು ಕೂತ ಕಡೆ ಇನ್ನೊಮ್ಮೆ ಸಾವು ಬರಲು ಬಿಡುವುದಿಲ್ಲವೆಂದು ಸೆರಗು ಕಟ್ಟಿದಳು. ಎಳೆದು ತರುವ ಕೆಲಸವನ್ನು ಅವರು ಹೇಳದಿದ್ದರೇನು, ತಾನೇ ಹೇಳಿದರಾಯಿತು. ಮೊದಲ ಹಾಸಿಗೆಗೆ ಬಾಗಿ, ನೀನು ನೆನೆಹಾಕಿದ ಕಡಲೆ ಮೊಳಕೆ ಒಡೆದಿದೆ ಎಂದಳು. ಅವನು ಅಯ್ಯೋ ಎನ್ನುತ್ತ ಎದ್ದು ಕೂತ. ಇನ್ನೊಬ್ಬನಿಗೆ ಗುಡ್ಡದ ಬುಡದಲ್ಲಿ ಅಕ್ಕ ರೊಟ್ಟಿಯ ಗಂಟು ಹಿಡಿದು ಕಾಯುತ್ತಿರುವುದನ್ನು ನೆನಪಿಸಿದಳು. ಮತ್ತೊಬ್ಬನಿಗೆ ಮೊನ್ನೆಯ ಜಗಳ ಇನ್ನೂ ಮುಗಿದಿಲ್ಲ ಎಂದಾಗ ಅವನು ಎಲ್ಲರಿಗಿಂತ ಬೇಗ ಎದ್ದ ಎನ್ನುತ್ತಾರೆ.

ಎಲ್ಲರೂ ಎದ್ದರು, ಪಂಡಿತರೊಬ್ಬರು ಉಳಿದರು. ಕಲ್ಲು ಅವರ ಎದೆಗೆ ಏರಿತ್ತು, ಸೂರ್ಯ ಹೊಲದ ಅಂಚಿಗೆ ಇಳಿದಿದ್ದ. ಆ ಮನುಷ್ಯನಿಗೆ ಮನೆಯಿಲ್ಲ, ಜಗಳವಿಲ್ಲ, ಎಲ್ಲ ಮುಗಿಸಿ ಮಲಗಿದ ಜೀವ. ಬಾಕಿಯಿದ್ದದ್ದು ಒಂದೇ ಒಂದು ಕೆಲಸ. ಅದನ್ನು ನೆನಪಿಸಿದರೆ ತನ್ನ ಅನ್ನಕ್ಕೆ ತಾನೇ ಕಲ್ಲು ಹಾಕಿಕೊಂಡಂತೆ ಎಂದು ಸೋವಬ್ಬೆಗೆ ಗೊತ್ತಿತ್ತು. ಆದರೂ ಬಾಗಿ ಹೇಳಿದಳು:

“ಏಳ್ರಿ ಅಜ್ಜಾರ. ನನ್ನ ಹೊರಗ ಹಾಕೋದು ಬಾಕಿ ಉಳದೈತ್ರಿ.”

ಪಂಡಿತರು ಕಣ್ಣು ಬಿಟ್ಟರು. ಎದೆಯ ಮೇಲಿನ ಕಲ್ಲು ಒಣಮಣ್ಣಿನ ಹೆಂಟೆಯಂತೆ ಒಡೆದು ಉದುರಿತು. ಎದ್ದವರೆಲ್ಲ ಮುಷ್ಟಿ ಬಿಚ್ಚಿ ಕನಸಿನೂರಿನ ಹೂಗಳನ್ನು ಅವಳ ತಲೆಯ ಮೇಲೆ ಸುರಿದರು. ಆಗ ಅವರು ಹಾಕಿದ ಕೇಕೆ ತೊರೆಸಾಲಕ್ಕೆ ಕೇಳಿಸಿತಂತೆ.

ಮರುದಿನ ಪಂಡಿತರು ಹೇಳಿದ್ದ ಹೊತ್ತಿಗೆ ಅವಳು ಗಂಟು ಹಿಡಿದು ಬಂದು ನಿಂತಳು. ಪಂಡಿತರು ಆ ಗಂಟನ್ನು ಇಸಿದುಕೊಂಡು ನಡುವಿನ ಹಾಸಿಗೆಯ ತಲೆಗಿಟ್ಟರು. ಒಬ್ಬೊಬ್ಬರಾಗಿ ಎಲ್ಲರೂ ಕಲ್ಲುಗಳನ್ನು ಉರುಳಿಸಿ ತಂದು ಸುತ್ತ ಕೂತರು.

“ನಾವೆಲ್ಲ ಎಚ್ಚರ ಇರ್ತೀವಿ. ನೀ ಮಲಕ್ಕೊ ತಂಗಿ,” ಎಂದರು ಪಂಡಿತರು.

ಅಷ್ಟು ಜನ ಕಾಯುತ್ತಿರುವಾಗ ಅವಳ ಕಿವಿಗೆ ಕಾಯುವ ಕೆಲಸ ಉಳಿಯಲಿಲ್ಲ. ಎದ್ದಾಗ ಮುಷ್ಟಿಯಲ್ಲಿ ತಾಯಿಯ ಮಗ್ಗದ ಕೆಂಪು ನೂಲೊಂದಿತ್ತು. ಮುಖ ಹಾಗೇ ಇತ್ತು ಎಂದಷ್ಟೇ ಹೇಳಿ ಅವಳು ಸಂತೋಷದಿಂದ ಅತ್ತಳು.

ಆಮೇಲೆ ಪಂಡಿತರು ಬದುಕಿರುವ ತನಕ, ಎದ್ದು ಏನು ಮಾಡುತ್ತೀರಿ ಎಂದು ಸೋವಬ್ಬೆ ಕೇಳಿದಾಗಲೆಲ್ಲ, ನಿನ್ನನ್ನು ಹೊರಗೆ ಹಾಕಬೇಕು ಎಂದೇ ಉತ್ತರ ಕೊಟ್ಟು ಮಲಗುತ್ತಿದ್ದರು. ಘಟಿಕಾಸ್ಥಾನ ಅಳಿದು ಎಷ್ಟೋ ಕಾಲವಾಯಿತು. ಎಲ್ಲರನ್ನೂ ಎಬ್ಬಿಸಿದ ಅವಳು ಜನರ ಬಾಯಲ್ಲಿ ಎಬ್ಬಿಸಿದಮ್ಮನಾದಳು, ಗುಡ್ಡಕ್ಕೂ ಆ ಹೆಸರೇ ನಿಂತಿತು. ಇಂದಿಗೂ ದಣಿದು ಹತ್ತಿದವರು ನಡುವಿನ ಹಾಸಿಗೆಯ ಮೇಲೆ ಒರಗಿದರೆ, ಗುರುತಿಲ್ಲದವರೂ ಬಂದು ಸುತ್ತಿನ ಕಲ್ಲುಗಳ ಮೇಲೆ ಕೂತು, ಎದ್ದು ಏನ್ ಮಾಡ್ತಿ ಎಂದು ಕೇಳುತ್ತಾರೆ. ಸೋವಬ್ಬೆನ್ನ ಹೊರಗ ಹಾಕಬೇಕು ಎಂದು ಮಲಗಿದವರು ಹೇಳಬೇಕು. ಆ ಕೆಲಸ ಇನ್ನೂ ಯಾರ ಕೈಯಲ್ಲೂ ಆಗಿಲ್ಲ.