ಇಳಿದ ಮುಳ್ಳು

"ಅಜ್ಜಾರೆ, ಚಿಂತೆ ನಿಂತುಹೋದರೆ ಅದು ಶಾಂತಿಯೇ?" ಎಂದು ಕೊಟ್ರಬಸಪ್ಪ ಕೇಳಿದ.

ಮಠದ ಹಿರಿಯ ಸ್ವಾಮಿಗಳನ್ನು ಆ ಸೀಮೆಯವರೆಲ್ಲ ಅಜ್ಜಾರು ಎಂದೇ ಕರೆಯುತ್ತಿದ್ದರು. ಕೊಟ್ರಬಸಪ್ಪ ಅವರಲ್ಲಿಗೆ ಬಹಳ ಕಾಲದಿಂದ ಬರುತ್ತಿದ್ದ ಶಿಷ್ಯ, ಸಂಸಾರಸ್ಥ. ಮೊದಲೆಲ್ಲ ಬಂದಾಗ ಮನೆಯ ತಾಪತ್ರಯ ಹೇಳಿಕೊಳ್ಳುತ್ತಿದ್ದ. ಈಚೆಗೆ ಏನನ್ನೂ ಹೇಳಿಕೊಳ್ಳುತ್ತಿರಲಿಲ್ಲ.

"ಯಾಕೆ ಕೇಳಿದೆ?" ಎಂದರು ಅಜ್ಜಾರು.

"ನನಗೆ ಈಗ ಯಾವ ಚಿಂತೆಯೂ ಇಲ್ಲ. ಎದೆ ಡವಗುಟ್ಟುತ್ತಿದ್ದದ್ದು ತಾನಾಗಿಯೇ ನಿಂತಿತು. ನಿಮ್ಮ ದಯೆಯಿಂದ ದಾರಿ ಸಿಕ್ಕಿತೇನೋ ಅನ್ನಿಸುತ್ತಿದೆ."

ಅಜ್ಜಾರು ಕೂತುಕೊಳ್ಳಲು ಹೇಳಿ ಈ ಕತೆ ಹೇಳಿದರು.

ಒಬ್ಬ ಪಾತ್ರೆ ವ್ಯಾಪಾರಿ ಇದ್ದ. ಸಣ್ಣ ಊರಿನ ಪೇಟೆಯಲ್ಲಿ ಅವನ ಅಂಗಡಿ. ಅವನ ಹೆಂಡತಿ ನೀಲಾಂಬಿಕೆಗೆ ಮೂತ್ರಪಿಂಡಗಳು ಕೈಕೊಟ್ಟಿದ್ದವು. ದಿನ ಬಿಟ್ಟು ದಿನ ಪಟ್ಟಣದ ಆಸ್ಪತ್ರೆಗೆ ಹೋಗಿ ಅವಳು ಡಯಾಲಿಸಿಸ್ ಮಾಡಿಸಿಕೊಳ್ಳಬೇಕಾಗಿತ್ತು. ಬಸ್ಸಿನ ನೂಕುನುಗ್ಗಲು ಅವಳ ಮೈಗೆ ಆಗುತ್ತಿರಲಿಲ್ಲ. ಅದಕ್ಕಾಗಿ ವ್ಯಾಪಾರಿ ಒಂದು ಹಳೆಯ ಕಾರು ಕೊಂಡ. ತಲೆ ನರೆತ ಮೇಲೆ ಕಾರು ಓಡಿಸಲು ಕಲಿತ.

ಕೆಲವು ತಿಂಗಳು ಕಾರು ಚೆನ್ನಾಗಿಯೇ ಓಡಿತು. ಆಮೇಲೆ ಒಂದು ಬೆಳಿಗ್ಗೆ ಬಾನೆಟ್ ಎತ್ತಿ ನೋಡಿದಾಗ, ಎಂಜಿನ್ನಿಗೆ ನೀರು ಕೊಡುವ ಪ್ಲಾಸ್ಟಿಕ್ ಟ್ಯಾಂಕಿನಲ್ಲಿ ನೀರು ಕೆಳಗಿನ ಗೆರೆಗಿಂತ ಇಳಿದಿತ್ತು. ಎಂಜಿನ್ನನ್ನು ತಂಪಾಗಿಡುವ ಹಸಿರು ಬಣ್ಣದ ಕೂಲೆಂಟ್ ತಂದು ಮೇಲಿನ ಗೆರೆಯವರೆಗೆ ತುಂಬಿಸಿದ. ಪಟ್ಟಣಕ್ಕೆ ಹೋಗಿ ಬಂದು ನೋಡಿದರೆ ಮತ್ತೆ ಇಳಿದಿತ್ತು. ಮತ್ತೆ ತುಂಬಿಸಿದ.

ಪಾತ್ರೆ ಎಲ್ಲಿ ಸೋರುತ್ತದೆ ಎಂದು ಹುಡುಕುವುದು ಅವನಿಗೆ ಹೊಸದಲ್ಲ. ಗಿರಾಕಿ ಒಂದು ಕೊಡವನ್ನು ತಿರುಗಿ ತಂದರೆ, ಅದರಲ್ಲಿ ನೀರು ತುಂಬಿ ಒಣ ಕಾಗದದ ಮೇಲೆ ಇಟ್ಟು, ಕಾಗದ ಎಲ್ಲಿ ಒದ್ದೆಯಾಯಿತು ಎಂದು ನೋಡುತ್ತಿದ್ದ. ಕಾರಿಗೂ ಹಾಗೆಯೇ ಮಾಡಿದ. ಮನೆಯ ಮುಂದೆ ಕಾರು ನಿಲ್ಲಿಸಿ, ಕೆಳಗೆ ಹಳೆಯ ವೃತ್ತಪತ್ರಿಕೆಗಳನ್ನು ಹಾಸಿದ. ಬೆಳಿಗ್ಗೆ ಎದ್ದು ನೋಡಿದರೆ ಕಾಗದದ ಮೇಲೆ ಒಂದು ಹನಿಯೂ ಇರಲಿಲ್ಲ. ಕೊಳವೆಗಳ ಮೇಲೆ ಕೈಯಾಡಿಸಿದ. ಎಲ್ಲವೂ ಒಣಗಿದ್ದವು. ಒಬ್ಬ ಮೆಕ್ಯಾನಿಕ್ ರೇಡಿಯೇಟರನ್ನೇ ಬದಲಿಸಬೇಕೆಂದ. ಇನ್ನೊಬ್ಬ, ಹಳೆಯ ಗಾಡಿ ಅಷ್ಟಿಷ್ಟು ನೀರು ಕುಡಿಯುತ್ತದೆ, ತುಂಬಿಸಿಕೊಂಡು ಓಡಿಸಿ, ಬಿಸಿ ಏರಿದರೆ ಹೀಟರ್ ಹಾಕಿ, ಎಂಜಿನ್ನಿನ ಬಿಸಿಯನ್ನು ಅದು ಒಂದಿಷ್ಟು ಎಳೆದುಕೊಳ್ಳುತ್ತದೆ ಎಂದ. ವ್ಯಾಪಾರಿಗೆ ಎರಡನೆಯವನ ಮಾತು ಹಿಡಿಸಿತು.

ಆದರೆ ಅಂದಿನಿಂದ ಅವನ ನೆಮ್ಮದಿ ಹೋಯಿತು. ನಡುದಾರಿಯಲ್ಲಿ ಕಾರು ನಿಂತರೆ ಹೆಂಡತಿಯ ಗತಿ ಏನು ಎಂಬುದು ತಲೆಯಲ್ಲಿ ಕೂತುಬಿಟ್ಟಿತು. ಸ್ಟೀರಿಂಗಿನ ಮುಂದೆ ಎಂಜಿನ್ನಿನ ಬಿಸಿ ತೋರಿಸುವ ಒಂದು ಮುಳ್ಳು ಇತ್ತು. ಅವನ ಒಂದು ಕಣ್ಣು ರಸ್ತೆಯ ಮೇಲೆ, ಇನ್ನೊಂದು ಆ ಮುಳ್ಳಿನ ಮೇಲೆ. ಮುಳ್ಳು ನಡುವೆ ನಿಂತಿದ್ದರೆ ಉಸಿರಾಡುತ್ತಿದ್ದ. ಕೂದಲೆಳೆಯಷ್ಟು ಏರಿದರೂ ವೇಗ ತಗ್ಗಿಸುತ್ತಿದ್ದ. ಪಕ್ಕದಲ್ಲಿ ಕೂತ ನೀಲಾಂಬಿಕೆ ಏನಾದರೂ ಮಾತು ತೆಗೆದರೆ, "ತಡಿ, ಈಗ ಏರು ಬಂತು" ಎನ್ನುತ್ತಿದ್ದ. ಬರಬರುತ್ತ ಅವಳು ಮಾತು ತೆಗೆಯುವುದನ್ನೇ ಬಿಟ್ಟಳು.

ಒಮ್ಮೆ ಆಸ್ಪತ್ರೆಯ ಯಂತ್ರ ಕೆಟ್ಟು ಅವಳ ಒಂದು ಸರದಿ ತಪ್ಪಿಹೋಯಿತು. ಮುಂದಿನ ಸರದಿಗೆ ಹೊತ್ತಿಗೆ ಮುಂಚೆಯೇ ಬನ್ನಿ, ತಡ ಮಾಡಬೇಡಿ ಎಂದು ನರ್ಸ್ ಎಚ್ಚರಿಸಿದ್ದಳು. ಆ ದಿನ ವ್ಯಾಪಾರಿ ಟ್ಯಾಂಕನ್ನು ತುಂಬಿಸಿ, ಹಿಂದಿನ ಸೀಟಿನಲ್ಲಿ ಒಂದು ಕ್ಯಾನ್ ನೀರನ್ನೂ ಇಟ್ಟುಕೊಂಡು ಹೊರಟ. ಬಿಸಿಲು ಜೋರಾಗಿತ್ತು. ಎರಡೂ ಬದಿಗೆ ಹತ್ತಿಯ ಹೊಲಗಳು. ದಾರಿಯಲ್ಲಿ ಊರುಗಳು ವಿರಳ.

ಅರ್ಧ ದಾರಿಯಲ್ಲಿ ಮುಳ್ಳು ಏರತೊಡಗಿತು. ವ್ಯಾಪಾರಿ ವೇಗ ತಗ್ಗಿಸಿದ. ಮುಳ್ಳು ನಿಲ್ಲಲಿಲ್ಲ. ಮೆಕ್ಯಾನಿಕ್ ಹೇಳಿದ್ದು ನೆನಪಾಗಿ ಹೀಟರ್ ಹಾಕಿದ. ಉರಿಬಿಸಿಲಿನಲ್ಲಿ ಒಳಗೆ ಬಿಸಿ ಗಾಳಿ ನುಗ್ಗಿತು. ಕಿಟಕಿ ಇಳಿಸಿದ. ಅಂಗಿ ಬೆನ್ನಿಗೆ ಅಂಟಿತು. ನಿಲ್ಲಿಸಿದರೆ ಹೆಂಡತಿಗೆ ತಡವಾಗುತ್ತದೆ, ನಿಲ್ಲಿಸದಿದ್ದರೆ ಎಂಜಿನ್ ಸುಡುತ್ತದೆ. ಯಾವುದನ್ನು ಮಾಡುವುದೆಂದು ತಿಳಿಯದೆ ಅವನು ಮುಳ್ಳನ್ನೇ ನೋಡುತ್ತ ಓಡಿಸಿದ. ಮುಳ್ಳು ಕೆಂಪು ಗೆರೆಯ ಹತ್ತಿರಕ್ಕೆ ಹೋಯಿತು. ಅವನು ಮನಸ್ಸಿನಲ್ಲೇ ಮನೆದೇವರಿಗೆ ಹರಕೆ ಹೊತ್ತ.

ಆಗ ಮುಳ್ಳು ಇಳಿಯಿತು.

ನೋಡುತ್ತಿದ್ದಂತೆಯೇ ನಡುವಿಗೆ ಬಂತು. ನಡುವನ್ನೂ ದಾಟಿ ಕೆಳಗೆ ಹೋಯಿತು. ಹೀಟರಿನಿಂದ ಬರುತ್ತಿದ್ದ ಗಾಳಿಯೂ ಬಿಸಿ ಕಳೆದುಕೊಂಡಿತು. ವ್ಯಾಪಾರಿಯ ಕಣ್ಣಲ್ಲಿ ನೀರೇ ಬಂತು. ಅಷ್ಟು ದಿನ ಎದೆಯ ಮೇಲಿದ್ದ ಕಲ್ಲನ್ನು ಯಾರೋ ಎತ್ತಿ ಇಟ್ಟಂತಾಯಿತು. ಕಳೆದ ಹೊತ್ತನ್ನು ಹಿಡಿಯಬೇಕೆಂದು ಆಕ್ಸಿಲರೇಟರ್ ಒತ್ತಿದ.

"ರೀ, ಕಾರು ನಿಲ್ಲಿಸಿ" ಎಂದಳು ನೀಲಾಂಬಿಕೆ.

"ಯಾಕೆ? ಎಲ್ಲ ಸರಿಯಾಯಿತಲ್ಲ. ನೋಡು, ಮುಳ್ಳು ಇಳಿದಿದೆ."

"ನನಗೆ ಮುಳ್ಳು ಗೊತ್ತಿಲ್ಲ. ಪಾಕ ಸೀದ ಹಾಗೆ ವಾಸನೆ ಬರುತ್ತಿದೆ. ಆಗಿನಿಂದ ಬರುತ್ತಿದೆ. ನಿಲ್ಲಿಸಿ."

ಅವನಿಗೆ ವಾಸನೆ ಹತ್ತಿರಲಿಲ್ಲ. ಹತ್ತಿದ್ದರೂ ಆ ಕ್ಷಣದ ಸುಖವನ್ನು ಬಿಡಲು ಅವನು ಸಿದ್ಧನಿರಲಿಲ್ಲ. ಕೇಳಿಸದವನಂತೆ ಇನ್ನೂ ಸ್ವಲ್ಪ ದೂರ ಓಡಿಸಿದ. ನೀಲಾಂಬಿಕೆ ಅವನ ತೋಳನ್ನು ಹಿಡಿದುಕೊಂಡಳು. ಅವಳ ಕೈಯಲ್ಲಿ ಅಷ್ಟು ಬಲವಿರಲಿಲ್ಲ, ಆದರೂ ಬಿಡಲಿಲ್ಲ. ಸಿಡುಕುತ್ತಲೇ ಅವನು ಕಾರನ್ನು ರಸ್ತೆಯ ಬದಿಗೆ ತಂದು ನಿಲ್ಲಿಸಿದ.

ಬಾನೆಟ್ ಎತ್ತಿದಾಗ ಮುಖಕ್ಕೆ ಹಬೆ ಹೊಡೆಯಿತು. ಹಬೆ ಸರಿದ ಮೇಲೆ ಟ್ಯಾಂಕ್ ಕಂಡಿತು. ಅದರಲ್ಲಿ ಒಂದು ಗುಟುಕು ನೀರೂ ಇರಲಿಲ್ಲ. ಅವನು ಕ್ಯಾನ್ ತೆಗೆದುಕೊಂಡು, ಟವೆಲ್ ಸುತ್ತಿದ ಕೈಯಿಂದ ಮುಚ್ಚಳ ತಿರುಗಿಸಲು ಹೋದ. ಬುಸ್ಸೆಂದು ಒಳಗಿನ ಹಬೆಯ ಸದ್ದು ಕೇಳಿಸಿತು. ಕೈ ಹಿಂದಕ್ಕೆ ತೆಗೆದುಕೊಂಡ. ಆರುವವರೆಗೆ ಕಾಯದೆ ಬೇರೆ ದಾರಿಯಿರಲಿಲ್ಲ. ಕಾಯಲು ಹೊತ್ತೂ ಇರಲಿಲ್ಲ.

ಪಟ್ಟಣದ ಕಡೆಗೆ ಒಂದು ಬಸ್ಸು ಬಂತು. ಅವನು ರಸ್ತೆಯ ನಡುವೆ ನಿಂತು ಕೈ ಅಡ್ಡ ಹಿಡಿದ. ಕಂಡಕ್ಟರ್ ನೀಲಾಂಬಿಕೆಯ ಮುಖ ನೋಡಿದ, ಏನೂ ಕೇಳದೆ ಮುಂದಿನ ಸೀಟಿನವರನ್ನು ಎಬ್ಬಿಸಿದ. ವ್ಯಾಪಾರಿ ಬಾಗಿಲಲ್ಲಿ ನಿಂತು ಹಿಂದಕ್ಕೆ ನೋಡಿದ. ಕಾರನ್ನು ಹೀಗೆ ಬಿಟ್ಟುಹೋದರೆ ಯಾರಾದರೂ ಚಕ್ರ ಬಿಚ್ಚಿಕೊಂಡು ಹೋದಾರು ಎನ್ನಿಸಿತು. ಆಮೇಲೆ ಹತ್ತಿ ಅವಳ ಪಕ್ಕದಲ್ಲಿ ಕೂತ.

ಅಲ್ಲಿ ನೋಡಲು ಮುಳ್ಳು ಇರಲಿಲ್ಲ. ಅವನು ಹೆಂಡತಿಯ ಮುಖ ನೋಡಿದ. ಕಣ್ಣಿನ ರೆಪ್ಪೆಗಳು ಊದಿದ್ದವು. ಬಳೆಗಳು ಮುಂಗೈಯಲ್ಲಿ ಹೂತುಹೋಗಿದ್ದವು. ಒಂದೊಂದು ಉಸಿರಿಗೂ ಅವಳ ಭುಜ ಏಳುತ್ತಿತ್ತು.

"ಯಾವಾಗಿನಿಂದ ಹೀಗೆ?" ಎಂದು ಕೇಳಿದ.

"ನಿನ್ನೆಯಿಂದ" ಎಂದಳು.

ಯಾಕೆ ಹೇಳಲಿಲ್ಲ ಎಂಬ ಮಾತು ಅವನ ನಾಲಗೆಯ ತುದಿಗೆ ಬಂತು. ಅದನ್ನು ನುಂಗಿಕೊಂಡ. ಪಟ್ಟಣ ಮುಟ್ಟುವವರೆಗೆ ಅವಳ ಕೈಯನ್ನು ಹಿಡಿದುಕೊಂಡು ಕೂತ. ಬಸ್ಸು ನಿಂತಲ್ಲೆಲ್ಲ ಅವನ ಜೀವ ಹೋಗಿ ಬರುತ್ತಿತ್ತು.

ಆಸ್ಪತ್ರೆಯಲ್ಲಿ ಅವಳನ್ನು ಬಾಗಿಲಿನಿಂದಲೇ ಸ್ಟ್ರೆಚರಿನ ಮೇಲೆ ಒಯ್ದರು. ಮೂಗಿಗೆ ಆಮ್ಲಜನಕ ಹಚ್ಚಿದರು. ವ್ಯಾಪಾರಿ ಹೊರಗೆ ಗೋಡೆಗೆ ಒರಗಿ ನಿಂತ. ಒಳಗಿನಿಂದ ಯಾರು ಬಂದರೂ ಅವರ ಮುಖ ನೋಡುತ್ತಿದ್ದ. ಸಂಜೆಯ ಹೊತ್ತಿಗೆ ನರ್ಸ್ ಹೊರಗೆ ಬಂದು, ಉಸಿರು ಸರಾಗವಾಗಿದೆ, ಮಜ್ಜಿಗೆ ಬೇಕು ಅನ್ನುತ್ತಿದ್ದಾರೆ, ಮೈಯಲ್ಲಿ ಮತ್ತೆ ನೀರು ಏರುತ್ತದೆ, ಕೊಡುವ ಹಾಗಿಲ್ಲ, ನೀವೇ ಹೇಳಿ ಎಂದಳು. ಅವನು ಒಳಗೆ ಹೋಗಿ ಹೇಳಿದ. ಅವಳು ಮುಖ ತಿರುಗಿಸಿದಳು. ಅವಳು ಮುನಿಸಿಕೊಂಡದ್ದು ನೋಡಿ ಅವನಿಗೆ ಜೀವ ಬಂತು.

ಮರುದಿನ ಅವನು ಪಟ್ಟಣದ ಒಬ್ಬ ಮೆಕ್ಯಾನಿಕನನ್ನು ಕರೆದುಕೊಂಡು ಹೋದ. ಕಾರು ಬಿಟ್ಟಲ್ಲೇ ಇತ್ತು. ಅದನ್ನು ಗ್ಯಾರೇಜಿಗೆ ಎಳೆದು ತಂದರು. ಮೆಕ್ಯಾನಿಕ್ ಟ್ಯಾಂಕಿಗೆ ನೀರು ತುಂಬಿಸಿ, ಅದರ ಬಾಯಿಗೆ ಒಂದು ಕೈಪಂಪನ್ನು ಜೋಡಿಸಿ ಗಾಳಿ ಒತ್ತಿದ. ಮೊದಲು ಏನೂ ಆಗಲಿಲ್ಲ. ಇನ್ನೂ ಒತ್ತಿದ. ಟ್ಯಾಂಕಿನ ಹಿಂಬದಿಗೆ ಒಂದು ಕನ್ನಡಿ ಹಿಡಿದು ವ್ಯಾಪಾರಿಯನ್ನು ಕರೆದು ತೋರಿಸಿದ. ಟ್ಯಾಂಕಿನ ಎರಡು ಹೋಳುಗಳನ್ನು ಬೆಸೆದ ಗೆರೆಯುದ್ದಕ್ಕೂ ಹನಿಗಳು ಸಾಲಾಗಿ ಮೂಡುತ್ತಿದ್ದವು.

"ನಾನು ಕಾಗದ ಹಾಸಿ ನೋಡಿದ್ದೆ, ಒಂದು ಹನಿಯೂ ಬಿದ್ದಿರಲಿಲ್ಲ" ಎಂದ ವ್ಯಾಪಾರಿ.

"ತಣ್ಣಗಿದ್ದಾಗ ಬೀಳುವುದಿಲ್ಲ ಯಜಮಾನರೇ. ಬಿಸಿಯಾಗಿ ಒಳಗೆ ಒತ್ತಡ ಏರಿದಾಗ ಮಾತ್ರ ಬಿರುಕು ಬಾಯಿ ಬಿಡುತ್ತದೆ. ಹೊರಗೆ ಬಂದದ್ದು ಅಲ್ಲೇ ಆವಿಯಾಗಿ ಹೋಗುತ್ತದೆ. ನೆಲಕ್ಕೆ ಮುಟ್ಟುವುದೇ ಇಲ್ಲ."

ಅವನು ಕೊಳವೆಗಳನ್ನು ಬಿಗಿದಿದ್ದ ಪಟ್ಟಿ ಸಡಿಲಿಸಿ, ಬೋಲ್ಟ್ ಬಿಚ್ಚಿ ಹಳೆಯ ಟ್ಯಾಂಕನ್ನು ತೆಗೆದ. ಹಿಂಬದಿಯಲ್ಲಿ ಹಸಿರು ಹಕ್ಕಳೆ ಗಟ್ಟಿಯಾಗಿ ಕೂತಿತ್ತು. ಹೊಸ ಟ್ಯಾಂಕನ್ನು ಕೂರಿಸಿ, ಕೊಳವೆಗಳನ್ನು ಬಿಗಿದು, ಕೂಲೆಂಟ್ ತುಂಬಿಸಿದ. ಮುಚ್ಚಳ ಹಾಕದೆಯೇ ಎಂಜಿನ್ ಚಾಲೂ ಮಾಡಿ, ಹೀಟರ್ ಹಾಕಿಟ್ಟ. ಒಳಗೆ ಸಿಕ್ಕಿಕೊಂಡಿದ್ದ ಗಾಳಿ ಗುಳುಗುಳು ಎಂದು ಮೇಲೆ ಬಂತು. ಗುಳ್ಳೆ ಒಡೆದಂತೆಲ್ಲ ನೀರು ಇಳಿಯಿತು, ಇಳಿದಷ್ಟನ್ನು ಮತ್ತೆ ಹಾಕಿದ. ಗುಳ್ಳೆ ನಿಂತು, ಹೀಟರಿನಿಂದ ಬಿಸಿ ಗಾಳಿ ಬರತೊಡಗಿದ ಮೇಲೆ ಹೊಸ ಮುಚ್ಚಳ ಬಿಗಿದ. ಎಂಜಿನ್ ಉಳಿದುಕೊಂಡಿತ್ತು. ಇನ್ನೊಂದಿಷ್ಟು ದೂರ ಓಡಿಸಿದ್ದರೆ ಉಳಿಯುತ್ತಿರಲಿಲ್ಲ ಎಂದ.

ವ್ಯಾಪಾರಿಗೆ ಒಂದು ಮಾತು ಮಾತ್ರ ಅರ್ಥವಾಗಿರಲಿಲ್ಲ. "ನೀರೆಲ್ಲ ಹೋದ ಮೇಲೆ ಮುಳ್ಳು ಏರಬೇಕಾಗಿತ್ತಲ್ಲ. ಅದು ಇಳಿದದ್ದು ಹೇಗೆ?"

"ಬಿಸಿ ಅಳೆಯುವ ಕಡ್ಡಿ ನೀರಿನಲ್ಲಿ ಮುಳುಗಿರಬೇಕು. ಆಗ ನೀರಿನ ಬಿಸಿಯನ್ನು ಮುಳ್ಳಿಗೆ ಹೇಳುತ್ತದೆ. ಮುಟ್ಟಲು ನೀರೇ ಇಲ್ಲದಿದ್ದರೆ ಅದು ಏನನ್ನು ಹೇಳೀತು?" ಎಂದು ಮೆಕ್ಯಾನಿಕ್ ಕೈ ಒರೆಸಿಕೊಂಡು ಇನ್ನೊಂದು ಗಾಡಿಯ ಕಡೆಗೆ ಹೋದ.

ಹೊಸ ಟ್ಯಾಂಕಿನಲ್ಲಿ ನೀರು ಇಳಿಯಲಿಲ್ಲ. ಆದರೂ ವ್ಯಾಪಾರಿಯ ಹೆದರಿಕೆ ಪೂರ್ತಿ ಹೋಗಲಿಲ್ಲ. ನೀಲಾಂಬಿಕೆಯ ಕಾಯಿಲೆಯೂ ಹೋಗುವಂಥದ್ದಲ್ಲ. ದಿನ ಬಿಟ್ಟು ದಿನ ಇಬ್ಬರೂ ಅದೇ ದಾರಿಯಲ್ಲಿ ಹೋಗಿ ಬರುತ್ತಿದ್ದರು. ದಾರಿಯಲ್ಲಿ ಅವನು ಅವಳನ್ನು, ಉಸಿರು ಹೇಗಿದೆ, ಕಾಲು ಊದಿದೆಯೇ ಎಂದು ಕೇಳುತ್ತಿದ್ದ. ಕೇಳಿದ್ದನ್ನೇ ಕೇಳಿ ಅವಳಿಗೆ ಬೇಸರವಾಗುತ್ತಿತ್ತು. ಕೆಲವು ದಿನ ಬೈದುಬಿಡುತ್ತಿದ್ದಳು. ಬೈಸಿಕೊಂಡು ಅವನು ಕಾರು ಓಡಿಸುತ್ತಿದ್ದ.

ಅಜ್ಜಾರು ಕತೆ ನಿಲ್ಲಿಸಿದರು.

ಕೊಟ್ರಬಸಪ್ಪನಿಗೆ ಒಳಗೊಳಗೇ ಕಸಿವಿಸಿಯಾಯಿತು. "ಆ ವ್ಯಾಪಾರಿಯ ಮಾತು ಬೇರೆ, ನನ್ನದು ಬೇರೆ ಅಜ್ಜಾರೆ" ಎಂದ. "ಅವನಿಗೆ ಸಮಾಧಾನ ಒಂದು ಗಳಿಗೆ ಇತ್ತು, ಹೋಯಿತು. ನನ್ನದು ಹಾಗಲ್ಲ, ಗಟ್ಟಿಯಾಗಿ ನಿಂತಿದೆ. ಈಗ ಜಪಕ್ಕೆ ಕೂತಾಗ ಒಳಮನೆಯಿಂದ ಅಳುವ ಸದ್ದು ಬಂದರೂ ನನ್ನ ಮನಸ್ಸು ಅಲುಗುವುದಿಲ್ಲ."

ಅಜ್ಜಾರು ಅವನನ್ನೇ ನೋಡುತ್ತ ಕೇಳಿದರು: "ಒಳಗೆ ಅಳುತ್ತಿರುವವರು ಯಾರು, ಕೊಟ್ರಬಸಪ್ಪ?"