ಬಟ್ಟೆ ಹೊದ್ದ ಕಂಪ್ಯೂಟರ್

ಕೊಕ್ಕರೆ ಮೇಷ್ಟ್ರ ಶಾಲೆಯಲ್ಲಿ ಕಂಪ್ಯೂಟರ್ ಸದಾ ಬಟ್ಟೆ ಹೊದ್ದಿರುತ್ತಿತ್ತು. ಪಾಠವೆಲ್ಲ ಕರಿಹಲಗೆಯ ಮೇಲೆಯೇ. ಕೀಬೋರ್ಡಿನ ಚಿತ್ರ ಬಿಡಿಸಿ ತಾಯಿ ಅಳಿಲು ಪ್ರಥಮ ದರ್ಜೆ ಪಡೆದಿತ್ತು. ಆದರೆ ಆ ದಿನ ಸಂಜೆಯೊಳಗೆ ಕಂಪ್ಯೂಟರಿನಲ್ಲೇ ಅರ್ಜಿ ಹಾಕದಿದ್ದರೆ ಅದರ ಮರಿಗಳಿಗೆ ಪೊಟರೆ ಸಿಗುತ್ತಿರಲಿಲ್ಲ.

“ಮೇಷ್ಟ್ರೇ, ಹೊದಿಕೆ ತೆಗೆಯಲೇ?”

“ಧೂಳು ಕೂರುತ್ತದಮ್ಮ! ಪ್ರಮಾಣಪತ್ರ ಕೊಟ್ಟಿದ್ದೇನಲ್ಲ, ಇನ್ನೇನು ಬೇಕು?”

ಅಳಿಲು ಹೊದಿಕೆಯನ್ನು ಎಳೆದೇಬಿಟ್ಟಿತು. ಹೆಸರು ಟೈಪ್ ಮಾಡಿದೊಡನೆ ಕಂಪ್ಯೂಟರ್, “ತಪ್ಪು. ಮತ್ತೆ ಮಾಡು,” ಎಂದಿತು. ಎಂಟು ಸಲವೂ ಅದು ಬೇಸರಿಸದೆ ಹಾಗೆಯೇ ಹೇಳಿತು. ಒಂಬತ್ತನೆಯ ಸಲಕ್ಕೆ ಅರ್ಜಿ ಹೋಯಿತು.

“ಪ್ರಥಮ ದರ್ಜೆಯವಳಿಗೆ ಇಷ್ಟು ತಪ್ಪುಗಳೇ!” ಎಂದು ನಕ್ಕ ಮೇಷ್ಟ್ರು, ಸುತ್ತ ನೋಡಿ ದನಿ ತಗ್ಗಿಸಿದರು: “ನನ್ನ ಗೂಡಿನ ಅರ್ಜಿಯನ್ನೂ ಹಾಕಿಕೊಡಮ್ಮ.”

ಅಳಿಲು ಪಕ್ಕಕ್ಕೆ ಸರಿದು ಜಾಗ ಬಿಟ್ಟಿತು. “ಕೂರಿ ಮೇಷ್ಟ್ರೇ. ನಿಮ್ಮ ಎಂಟು ತಪ್ಪುಗಳನ್ನು ನೀವೇ ಮಾಡಬೇಕು.”